ಟಾರ್ಚುಗೆ, ಬಿಳಿ ಬಟ್ಟೆಯ ಕೆಳಗಿಂದ

ಪ್ರೀತಿಯ ಟಾರ್ಚು,

ಫೋನ್ ಮಾಡಿದ್ದರೆ ಆಗುತ್ತಿತ್ತು. ಆದರೆ ಫೋನಿನಲ್ಲಿ ನಾವಿಬ್ಬರೂ ಮಳೆ ಎಷ್ಟು, ಅಡಿಕೆ ರೇಟೆಷ್ಟು, ನಿನ್ನ ಮಗಳ ಪರೀಕ್ಷೆ ಯಾವಾಗ ಅಂತ ಕೇಳಿಕೊಂಡು ಇಟ್ಟುಬಿಡುತ್ತೇವೆ. ಅದಕ್ಕೇ ಬರೆಯುತ್ತಿದ್ದೇನೆ. ಎಲ್ಲರೂ ಓದುವ ಜಾಗದಲ್ಲಿ ಹಾಕುತ್ತಿದ್ದೇನೆ ಅಂತ ನಿನಗೆ ಸಿಟ್ಟು ಬರಬಹುದು. ಯಾಕೆ ಅಂತ ಮುಂದೆ ಹೇಳುತ್ತೇನೆ.

ಹೋದ ವಾರ ಅತ್ತೆ ಮನೆಗೆ ಹೋಗಿದ್ದೆ. ಅದೇ ತೀರ್ಥಹಳ್ಳಿ ಕಡೆಯ ತೊಟ್ಟಿಮನೆ. ಅದೇ ಕಂಬಗಳು, ಅದೇ ಬಾಗಿಲು, ತಲೆ ಬಗ್ಗಿಸದಿದ್ದರೆ ಹಣೆಗೆ ಬಡಿಯುವುದು. ಏನೋ ಪೂಜೆ ಇತ್ತು. ಬಿಸಿಲು ಜಾಸ್ತಿ ಅಂತ ತೊಟ್ಟಿಯ ಮೇಲೆ ಮೂರು ಬಿಳಿ ಪಂಚೆ ಸೇರಿಸಿ ಹೊಲಿದು ಕಟ್ಟಿದ್ದರು. ಅತ್ತೆ ಅದರ ಕೆಳಗೆ ಕೂತು ವೀಳ್ಯದೆಲೆ ಒರೆಸುತ್ತಿದ್ದರು. ನಾನು ಚಪ್ಪಲಿ ಬಿಡುತ್ತಾ ತಲೆ ಎತ್ತಿದವನು ಹಾಗೇ ನಿಂತೆ. ಅವರ ಮುಖದಲ್ಲಿ ಒಂದೇ ಒಂದು ನೆರಳಿಲ್ಲ. ಕಣ್ಣಿನ ಕೆಳಗಿನ ಗುಳಿಯಲ್ಲೂ ಬೆಳಕು. ಮೂಗುತಿ ಸುಮ್ನೆ ಮಿನುಗುತ್ತಿತ್ತು, ಚುಚ್ಚುತ್ತಿರಲಿಲ್ಲ. ಬೆಳಕು ಎಲ್ಲಿಂದ ಬರುತ್ತಿದೆ ಅಂತ ಹೇಳಲಾಗದ ಬೆಳಕು.

ನನ್ನ ಬಾಯಿಂದ ಬಂದ ಮೊದಲ ಮಾತು 'ಸುಬ್ರತ ಮಿತ್ರ'. ಅತ್ತೆ 'ಯಾರದು, ಊಟಕ್ಕಿದ್ದಾರಾ?' ಅಂದರು.

ನಿನಗೆ ಇದನ್ನೆಲ್ಲ ಹೇಳಬೇಕಾಗಿಲ್ಲ. ನನಗೆ ಹೇಳಿಕೊಟ್ಟವನೇ ನೀನು. ಆದರೆ ಓದುವ ಬೇರೆಯವರಿಗಾಗಿ ಸ್ವಲ್ಪ ತಾಳಿಕೋ. ಸತ್ಯಜಿತ್ ರೇ ಅವರ 'ಅಪರಾಜಿತೊ', 1956. ಛಾಯಾಗ್ರಾಹಕ ಸುಬ್ರತ ಮಿತ್ರ. ಅಪು ಅನ್ನುವ ಹುಡುಗನ ಕುಟುಂಬ ಹಳ್ಳಿ ಬಿಟ್ಟು ಕಾಶಿಗೆ ಬಂದು ಒಂದು ಹಳೇ ಮನೆಯಲ್ಲಿ ಇರುತ್ತದೆ. ನಡುವೆ ಅಂಗಳ, ಸುತ್ತ ಕೋಣೆಗಳು, ನಮ್ಮ ತೊಟ್ಟಿಮನೆಯ ದೂರದ ನೆಂಟನ ಹಾಗೆ. ಅಂಥ ಮನೆಯಲ್ಲಿ ಕೆಳಗಿನವರಿಗೆ ಬೆಳಕು ಸಿಗುವುದು ಮೇಲಿನ ಆಕಾಶದ ತುಂಡಿನಿಂದ ಮಾತ್ರ. ಘಾಟು, ಗಲ್ಲಿ ಎಲ್ಲ ಕಾಶಿಯಲ್ಲೇ ತೆಗೆದರು. ಮನೆಯ ಅಂಗಳವನ್ನು ಮಾತ್ರ ಮಳೆಯ ಭಯಕ್ಕೆ ಕಲ್ಕತ್ತದ ಸ್ಟುಡಿಯೋ ಒಳಗೆ ಕಟ್ಟಬೇಕಾಯಿತು. ಕಟ್ಟಿದವರು ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತ.

ಮಿತ್ರ ಅವರಿಗೆ ಚಿಂತೆ ಹತ್ತಿತು. ಸ್ಟುಡಿಯೋದಲ್ಲಿ ಆಕಾಶ ಎಲ್ಲಿಂದ ತರುವುದು? ದೊಡ್ಡ ದೀಪಗಳನ್ನು ನೇರ ನಟರ ಮೇಲೆ ಬಿಡುವುದು ಆಗಿನ ರೂಢಿ. ಹಾಗೆ ಮಾಡಿದರೆ ಒಬ್ಬ ಮನುಷ್ಯನಿಗೆ ಗೋಡೆಯ ಮೇಲೆ ಮೂರು ನೆರಳು. ನೋಡುವವರಿಗೆ ಆ ಕ್ಷಣಕ್ಕೇ ಗೊತ್ತಾಗುತ್ತದೆ, ಇದು ಕಾಶಿ ಅಲ್ಲ ಅಂತ. ಅವರು ಏನು ಮಾಡಿದರು ಅಂದರೆ, ಸೆಟ್ಟಿನ ನೆತ್ತಿಯ ಮೇಲೆ ಬಿಳಿ ಬಟ್ಟೆ ಬಿಗಿದು ಕಟ್ಟಿಸಿದರು. ದೀಪಗಳನ್ನೆಲ್ಲ ಕೆಳಗಿನಿಂದ ಆ ಬಟ್ಟೆಗೆ ತಿರುಗಿಸಿದರು. ಬಟ್ಟೆಗೆ ಬಡಿದ ಬೆಳಕು ಚೆದುರಿ, ಮೆತ್ತಗಾಗಿ ಕೆಳಗಿಳಿಯಿತು. ಆ ಬಟ್ಟೆಯೇ ಆಕಾಶ ಆಯಿತು. ಇವತ್ತು ಶೂಟಿಂಗ್ ನಡೆಯುವ ಎಲ್ಲ ಕಡೆ 'ಬೌನ್ಸ್' ಅನ್ನುತ್ತಾರಲ್ಲ, ಅದು.

ಕೇಳಲು ಸುಲಭ. ಮಾಡುವವನಿಗೆ ಗೊತ್ತು. ಬಟ್ಟೆಗೆ ಬಡಿದು ಬರುವಾಗ ಬೆಳಕಿನ ಬಹುಪಾಲು ಚೆದುರಿ ಹೋಗಿಬಿಡುತ್ತದೆ. ಆ ಕಾಲದ ಫಿಲ್ಮಿಗೆ ಬೆಳಕು ಜಾಸ್ತಿ ಬೇಕು. ಲೆನ್ಸಿನ ಬಾಯಿ ಪೂರ್ತಿ ತೆರೆಯಬೇಕು. ಆಗ ಫೋಕಸ್ ಕೂದಲೆಳೆಯಷ್ಟು ತೆಳ್ಳಗಾಗುತ್ತದೆ. ನಟ ಒಂದು ಗೇಣು ಹಿಂದೆ ಸರಿದರೂ ಮುಖ ಮಸುಕು. ಇಷ್ಟೆಲ್ಲ ಕಷ್ಟ ಪಟ್ಟು ಅವರು ಗಳಿಸಿದ್ದು ಏನು? ಯಾರೂ ಗಮನಿಸದ ಒಂದು ಬೆಳಕು. ಮುಂದೆ 60ರ ದಶಕದಲ್ಲಿ ಸ್ವೀಡನ್ನಿನ ಛಾಯಾಗ್ರಾಹಕ ಸ್ವೆನ್ ನಿಕ್ವಿಸ್ಟ್ ಇಂಥದ್ದೇ ಮೆದು ಬೆಳಕಿಗೆ ಹೆಸರಾದಾಗ, ನಾವಿದನ್ನು ಯಾವಾಗಲೋ ಮಾಡಿದ್ದೆವಲ್ಲ ಅಂತ ರೇ ಅಂದಿದ್ದರು. ಕ್ಯಾಂಟೀನಿನ ಮೂಲೆಯ ಬೆಂಚಿನಲ್ಲಿ ಇದನ್ನು ಹೇಳುವಾಗ ನಿನ್ನ ಕಿವಿ ಕೆಂಪಾಗುತ್ತಿತ್ತು. ನಿನ್ನ ಮನೆಯ ಆಸ್ತಿ ಯಾರೋ ಒತ್ತುವರಿ ಮಾಡಿದ ಹಾಗೆ.

ನಾನು ಆಗ ಹಿಂದಿ ಚಿತ್ರಗಳ ಛಾಯಾಗ್ರಾಹಕ ವಿ.ಕೆ. ಮೂರ್ತಿ ಪಕ್ಷ. ನೀನು ಮಿತ್ರ ಪಕ್ಷ. ಎಷ್ಟು ಜಗಳ! ನನಗೆ 'ಕಾಗಜ್ ಕೆ ಫೂಲ್' ಚಿತ್ರದ ಆ ಬೆಳಕಿನ ಕೋಲು ಸಾಕಾಗಿತ್ತು. ಕತ್ತಲ ಸ್ಟುಡಿಯೋ, ಮೇಲಿನಿಂದ ಓರೆಯಾಗಿ ಇಳಿಯುವ ಬೆಳಕು, ಅದರಲ್ಲಿ ತೇಲುವ ದೂಳು, ಎರಡು ಕಡೆ ನಿಂತ ಇಬ್ಬರು. 1959. ಹೊರಗಿನ ಬಿಸಿಲನ್ನು ದೊಡ್ಡ ಕನ್ನಡಿಯಲ್ಲಿ ಹಿಡಿದು, ಇನ್ನೊಂದು ಕನ್ನಡಿಗೆ ಕೊಟ್ಟು ಒಳಗೆ ತಂದರು ನಮ್ಮ ಮೈಸೂರಿನ ಮೂರ್ತಿ. ಅದನ್ನು ನೋಡಿದಾಗಲೆಲ್ಲ ಚಪ್ಪಾಳೆ ಹೊಡೆಯಬೇಕು ಅನ್ನಿಸುತ್ತಿತ್ತು. 'ಚಪ್ಪಾಳೆ ಹೊಡೆಸುವ ಬೆಳಕು ಬೇರೆ, ಮುಖ ನೋಡಲು ಬಿಡುವ ಬೆಳಕು ಬೇರೆ' ಅಂತ ನೀನು ಅನ್ನುತ್ತಿದ್ದೆ. ನಾನು ಒಪ್ಪುತ್ತಿರಲಿಲ್ಲ. ಈಗಲೂ ಪೂರ್ತಿ ಒಪ್ಪಿಲ್ಲ, ತಿಳಿದಿರಲಿ. ಒಬ್ಬರು ಕನ್ನಡಿ ಹಿಡಿದರು, ಇನ್ನೊಬ್ಬರು ಬಟ್ಟೆ ಕಟ್ಟಿದರು. ದುಡ್ಡು ಕೊಟ್ಟು ತರುವ ಯಂತ್ರ ಎರಡೂ ಅಲ್ಲ. ಇನ್ನೊಂದು ವಿಷಯ ನಾವು ಆಗ ಗಮನಿಸಿರಲಿಲ್ಲ: ಮೂರ್ತಿ ಪಿಟೀಲು ನುಡಿಸುತ್ತಿದ್ದರು, ಮಿತ್ರ ಸಿತಾರ್ ನುಡಿಸುತ್ತಿದ್ದರು. 'ಪಥೇರ್ ಪಾಂಚಾಲಿ'ಯಲ್ಲಿ ಮಿಠಾಯಿ ಮಾರುವವನ ಹಿಂದೆ ಅಪು, ಅವನ ಅಕ್ಕ ದುರ್ಗಾ, ಕೊನೆಗೆ ನಾಯಿ ಸಾಲಾಗಿ ಹೋಗುತ್ತಾರಲ್ಲ, ಕೆರೆಯ ನೀರಿನಲ್ಲಿ ಎಲ್ಲರೂ ತಲೆಕೆಳಗಾಗಿ ಕಾಣುತ್ತಾರಲ್ಲ, ಅಲ್ಲಿ ಕೇಳುವ ಸಿತಾರ್ ಮಿತ್ರ ಅವರದ್ದು. ರವಿಶಂಕರ್ ಒಂದೇ ಸಲಕ್ಕೆ ಕೂತು ಸಂಗೀತ ಮುಗಿಸಿ ಹೋಗಿದ್ದರು, ಆ ಜಾಗ ಖಾಲಿ ಉಳಿದಿತ್ತು. ಚಿತ್ರ ತೆಗೆದವರೇ ಅದಕ್ಕೆ ರಾಗವನ್ನೂ ಕೊಟ್ಟರು.

ಮನೆಗೆ ಬಂದ ಮೇಲೆ ಒಂದು ವಾರ ರಾತ್ರಿ ಎಲ್ಲ ಚಿತ್ರಗಳನ್ನೂ ಮತ್ತೆ ಹಾಕಿಕೊಂಡು ಕೂತೆ. ಹೆಂಡತಿ ಎರಡನೇ ದಿನಕ್ಕೇ ಮಲಗಲು ಹೋದಳು.

1949ರ ಸುಮಾರಿಗೆ ಫ್ರಾನ್ಸಿನ ನಿರ್ದೇಶಕ ಜಾನ್ ರೆನ್ವಾರ್ ಕಲ್ಕತ್ತದಲ್ಲಿ 'ದಿ ರಿವರ್' ತೆಗೆಯಲು ಬಂದಾಗ ಮಿತ್ರ ಇನ್ನೂ ಕಾಲೇಜು ಹುಡುಗ. ತಂಡದಲ್ಲಿ ಕೆಲಸ ಸಿಗಲಿಲ್ಲ. ನಿಂತು ನೋಡಲು ಬಿಟ್ಟರು. ಅಷ್ಟೇ ಸಾಕಾಯಿತು. ಯಾವ ದೀಪ ಎಲ್ಲಿತ್ತು, ಕ್ಯಾಮೆರಾ ಎಲ್ಲಿತ್ತು, ನಟ ಎಲ್ಲಿಂದ ಎಲ್ಲಿಗೆ ನಡೆದ, ಎಲ್ಲವನ್ನೂ ಪುಸ್ತಕದಲ್ಲಿ ಚಿತ್ರ ಬರೆದುಕೊಂಡರು. ಕೊನೆಗೆ ಆ ಚಿತ್ರದ ಛಾಯಾಗ್ರಾಹಕ ಕ್ಲೋಡ್ ರೆನ್ವಾರ್ ಅವರೇ, ಹಿಂದಿನ ಶಾಟ್‌ನಲ್ಲಿ ಬೆಳಕು ಹೇಗಿತ್ತು ಅಂತ ಈ ಹುಡುಗನ ಪುಸ್ತಕ ನೋಡುವ ಹಾಗಾಯಿತು. ರೇ ಪರಿಚಯ ಆಗಿದ್ದೂ ಅದೇ ದಿನಗಳಲ್ಲಿ.

ಮುಂದೆ ರೇ ತಮ್ಮ ಮೊದಲ ಚಿತ್ರ 'ಪಥೇರ್ ಪಾಂಚಾಲಿ'ಗೆ ಕ್ಯಾಮೆರಾ ಕೊಟ್ಟಿದ್ದು ಈ ಹುಡುಗನಿಗೇ. ಮೊದಲ ದಿನದ ಶೂಟಿಂಗ್ 1952ರ ಅಕ್ಟೋಬರ್ 27. ಮಿತ್ರ ಹುಟ್ಟಿದ್ದು 1930ರ ಅಕ್ಟೋಬರ್ 12. ಲೆಕ್ಕ ಹಾಕು. ಇಪ್ಪತ್ತೆರಡು ತುಂಬಿ ಹದಿನೈದು ದಿನ. ಅದುವರೆಗೆ ಸಿನಿಮಾ ಕ್ಯಾಮೆರಾ ನಡೆಸಿದವರೇ ಅಲ್ಲ. ಅವತ್ತು ತೆಗೆದಿದ್ದು ಕಾಶ ಹುಲ್ಲಿನ ಬಯಲು. ಮುಂದಿನ ವಾರ ಉಳಿದದ್ದನ್ನು ತೆಗೆಯೋಣ ಅಂತ ಹೋದರೆ ದನಗಳು ಬಯಲನ್ನೇ ಮೇಯ್ದು ಮುಗಿಸಿದ್ದವು. ಮತ್ತೆ ಹೂವಿಗಾಗಿ ಮುಂದಿನ ವರ್ಷದವರೆಗೆ ಕಾದರು. ನಿನಗೆ ಈ ದನಗಳ ಕಥೆ ಎಷ್ಟು ಇಷ್ಟ ಅಂತ ಗೊತ್ತು. ಸೌತೆಕಾಯಿ ಪ್ರಕರಣ ಆದ ದಿನ ರಾತ್ರಿ ನೀನು ನನಗೆ ಸಮಾಧಾನ ಹೇಳಿದ್ದು ಇದೇ ಕಥೆಯಿಂದ.

ಅಲ್ಲಿಂದ ಹದಿನಾಲ್ಕು ವರ್ಷ. 'ಜಲ್ಸಾಘರ್'ನಲ್ಲಿ ತೂಗುವ ದೀಪಗುಚ್ಛ. 'ಅಪುರ್ ಸಂಸಾರ್'ನಲ್ಲಿ ಹರಿದ ಪರದೆಯ ತೂತಿನಿಂದ ಹೊರಗೆ ನೋಡುವ ಹೊಸ ಮದುಮಗಳು. 'ಕಾಂಚನಜಂಘಾ' 1962ರದು, ರೇ ಅವರ ಮೊದಲ ಬಣ್ಣದ ಚಿತ್ರ. ಡಾರ್ಜಿಲಿಂಗಿನಲ್ಲಿ ಬಿಸಿಲು ಬಂದರೆ ಬಿಸಿಲಿನ ದೃಶ್ಯ, ಮಂಜು ಇಳಿದರೆ ಮಂಜಿನ ದೃಶ್ಯ. 'ನಾಯಕ್' 1966ರದು. ರೈಲಿನ ಡಬ್ಬಿ ಸ್ಟುಡಿಯೋದಲ್ಲಿ ಕಟ್ಟಿದ್ದು, ಕಿಟಕಿಯ ಹೊರಗೆ ಓಡುವ ಊರು ಹಿಂದಿನ ತೆರೆಯ ಮೇಲೆ ಬಿಟ್ಟ ಚಿತ್ರ. ನಾನು ಮೊದಲ ಸಲ ನೋಡಿದಾಗ ನಿಜವಾದ ರೈಲು ಅಂತ ಪಂದ್ಯ ಕಟ್ಟಿ ಸೋತಿದ್ದೆ. ಆ ಪಂದ್ಯದ ಮಸಾಲೆ ದೋಸೆ ಇನ್ನೂ ಬಾಕಿ ಇದೆ.

ಆದರೆ ನಾನು ಸಿಕ್ಕಿಹಾಕಿಕೊಂಡಿದ್ದು 'ಚಾರುಲತಾ'ದಲ್ಲಿ.

1964. ದೊಡ್ಡ ಮನೆ, ಒಳಗೆ ಒಬ್ಬಳೇ ಹೆಂಗಸು. ಕೈಯಲ್ಲಿ ಸಣ್ಣ ದುರ್ಬೀನು. ಕಿಟಕಿಯಿಂದ ಕಿಟಕಿಗೆ ಹೋಗಿ ಬೀದಿಯಲ್ಲಿ ಹೋಗುವವರನ್ನು ನೋಡುತ್ತಾಳೆ. ಮಾತಿಲ್ಲ. ಕಿಟಕಿಯ ಪಟ್ಟಿಗಳ ಸಂದಿನಿಂದ ಬರುವ ಮಧ್ಯಾಹ್ನ ಹೇಗಿದೆ ಅಂದರೆ, ನನಗೆ ನಮ್ಮಜ್ಜಿ ಮನೆಯ ರಜಾದಿನಗಳ ಬೇಸರ ನೆನಪಾಗುತ್ತದೆ. ಆ ಮನೆಯೂ ಸೆಟ್ಟು. ಅಲ್ಲಿಯೂ ಅದೇ ಬಡಿದು ಬರುವ ಬೆಳಕು. ಆಮೇಲೆ ತೋಟದ ಉಯ್ಯಾಲೆ. ಕ್ಯಾಮೆರಾ ಉಯ್ಯಾಲೆಯ ಜೊತೆಗೇ ತೂಗುತ್ತದೆ. ಅವಳ ಮುಖ ಚೌಕಟ್ಟಿನಲ್ಲಿ ಅಲ್ಲಾಡದೆ ನಿಂತಿರುತ್ತದೆ, ಹಿಂದಿನ ಲೋಕ ಹತ್ತಿ ಇಳಿಯುತ್ತದೆ. ಅವಳಿಗೆ ಏನಾಗುತ್ತಿದೆ ಅಂತ ಅವಳಿಗಿಂತ ಮೊದಲು ನಮಗೆ ತಿಳಿಯುತ್ತದೆ.

ಅವತ್ತು ರಾತ್ರಿ ಒಂದೂವರೆ ಗಂಟೆ. ಉಯ್ಯಾಲೆಯ ಹತ್ತಿರ ಚಿತ್ರ ನಿಲ್ಲಿಸಿದೆ. ನಿನಗೂ ಗೊತ್ತಿರುವ ವಿಷಯ, ಬಹಳ ಸಲ ಮಾತಾಡಿದ ವಿಷಯ. ಆದರೆ ಅವತ್ತು ಅದು ಬೇರೆ ಥರ ಬಂದು ತಾಕಿತು. 'ಚಾರುಲತಾ'ದಿಂದ ಮುಂದೆ ಕ್ಯಾಮೆರಾ ಹಿಂದೆ ಕಣ್ಣಿಟ್ಟು ಕೂತವರು ಸ್ವತಃ ರೇ. ಬೆಳಕು ಮಿತ್ರ ಅವರದ್ದೇ. ಕ್ಯಾಮೆರಾ ನಡೆಸುವ ಕೈ ಮಾತ್ರ ಬೇರೆ. ರೇ ಅದಕ್ಕೆ ಕಾರಣ ಹೇಳಿದ್ದಾರೆ: ನಿರ್ದೇಶಕ ಕಣ್ಣಿಗೆ ಬೀಳದಿದ್ದರೆ ನಟರಿಗೆ ಅಳುಕು ಕಡಿಮೆ, ತಮಗೂ ಬೇಕಾದ ಚೌಕಟ್ಟು ಸರಿಯಾಗಿ ಸಿಗುತ್ತದೆ. ಒಳ್ಳೆಯ ಕಾರಣ. ಚಿತ್ರ ಕೂಡ ಅದ್ಭುತವಾಗಿಯೇ ಬಂದಿದೆ. 'ನಾಯಕ್' ಮುಗಿದ ಮೇಲೆ ಇಬ್ಬರೂ ಮತ್ತೆ ಒಟ್ಟಿಗೆ ಕೆಲಸ ಮಾಡಲಿಲ್ಲ.

ನಾನು ಇಷ್ಟು ವರ್ಷ ಈ ಕಥೆಯನ್ನು ರೇ ಕಡೆಯಿಂದಲೇ ಓದಿದ್ದೆ. ಅವತ್ತು ಮೊದಲ ಸಲ ದೀಪ ಜೋಡಿಸಿ, ಪಕ್ಕಕ್ಕೆ ಸರಿದು ನಿಂತವನ ಕಡೆಯಿಂದ ನೋಡಿದೆ. ಬೆಳಕು ನೀನು ಮಾಡಿದ್ದು. ಆದರೆ ಆ ಬೆಳಕು ಚೌಕಟ್ಟಿನೊಳಗೆ ಹೇಗೆ ಬೀಳುತ್ತಿದೆ ಅಂತ ಶಾಟ್ ನಡೆಯುವಾಗ ನಿನಗೆ ಕಾಣುವುದಿಲ್ಲ. ಇನ್ನೊಬ್ಬ ಹೇಳಬೇಕು. ಅದು ಹೇಗಿರುತ್ತದೆ?

ನಿನಗೆ ಗೊತ್ತು ಹೇಗಿರುತ್ತದೆ ಅಂತ.

ನಾವಿಬ್ಬರೂ ಸೇರಿ ತೆಗೆದ ಕಿರುಚಿತ್ರದ ಆರನೇ ಶಾಟ್, ಟಾರ್ಚು. ಅದೇ ಮನೆ, ಅದೇ ಅತ್ತೆ. ಅವರು ತೊಟ್ಟಿಯ ಪಕ್ಕ ಕೂತು ಅಕ್ಕಿ ಆರಿಸುವುದು. ನೀನು ಕ್ಯಾಮೆರಾ ಇಟ್ಟು ಮೋಡ ಬರಲಿ ಅಂತ ಕಾಯುತ್ತಿದ್ದೆ. ಬಾಡಿಗೆಯ ಕ್ಯಾಮೆರಾ, ದಿನದ ಲೆಕ್ಕ. ನಾನು ಅಂಗಳದಲ್ಲಿ ಅತ್ತಿಂದಿತ್ತ ತಿರುಗುತ್ತಿದ್ದೆ. ಇಪ್ಪತ್ತು ನಿಮಿಷ ಆಯಿತು, ಮೋಡ ಬರಲಿಲ್ಲ. 'ಈ ಒಂದು ಶಾಟ್ ನಾನೇ ತೆಗೆಯುತ್ತೇನೆ, ಬಿಡು' ಅಂದೆ. ನೀನು ಏನೂ ಹೇಳಲಿಲ್ಲ. ಎದ್ದು ಜಾಗ ಕೊಟ್ಟೆ. ಮೂಲೆಯಲ್ಲಿದ್ದ ಥರ್ಮೋಕೋಲ್ ಹಾಳೆ ತೆಗೆದುಕೊಂಡು ಬಿಸಿಲಿಗೆ ಹೋಗಿ ನಿಂತೆ. ಅತ್ತೆಯ ಮುಖಕ್ಕೆ ಬೆಳಕು ಎಸೆದೆ. ಆ ಒಂದು ಶಾಟ್ ಆಮೇಲೆ ಎರಡು ದಿನ ಆಯಿತು. ಉಳಿದ ಎಲ್ಲ ಶಾಟ್ ನಾನೇ ತೆಗೆದೆ. ನೀನು ಎರಡು ದಿನ ಥರ್ಮೋಕೋಲ್ ಹಿಡಿದು ನಿಂತೆ. ನಿನ್ನ ಕುತ್ತಿಗೆ ಸುಟ್ಟು ಸಿಪ್ಪೆ ಎದ್ದಿತ್ತು. ಅತ್ತೆ ತೆಂಗಿನೆಣ್ಣೆ ಹಚ್ಚಿದ್ದರು.

ಇದನ್ನು ಯಾರಿಗೂ ಹೇಳಿರಲಿಲ್ಲ. ಕೇಳಿದವರಿಗೆಲ್ಲ ನಾನು ಹೇಳುತ್ತಿದ್ದದ್ದು, ದಿನ ಕಡಿಮೆ ಇತ್ತು, ಅವಸರ ಇತ್ತು, ಅವನಿಗೇ ಬೆಳಕಿನ ಕೆಲಸ ಇಷ್ಟ. ಅವಸರ ಇದ್ದದ್ದು ನಿಜ. ಆದರೆ ಕಾರಣ ಅದಲ್ಲ. ಹಿಂದಿನ ರಾತ್ರಿ ನೀನು ಮಲಗಿದ ಮೇಲೆ ನಾನು ಅದುವರೆಗಿನ ಐದು ಶಾಟ್ ಹಾಕಿ ನೋಡಿದ್ದೆ. ಐದನೆಯದು, ಬಾಗಿಲ ಕತ್ತಲಿನಿಂದ ಅತ್ತೆ ತೊಟ್ಟಿಯ ಬೆಳಕಿಗೆ ಬರುವುದು. ಅದು ನಾನು ಹೇಳಿಕೊಟ್ಟಿದ್ದಲ್ಲ. ನಾನು ಬರೆದದ್ದಕ್ಕಿಂತ ಚೆನ್ನಾಗಿತ್ತು. ಆ ಚಿತ್ರದಲ್ಲಿ ನನ್ನದು ಅಂತ ಏನು ಉಳಿಯುತ್ತದೆ ಅಂತ ಭಯವಾಯಿತು. ಬೆಳಗ್ಗೆ ಎದ್ದು ಮೋಡದ ನೆಪ ಹಿಡಿದೆ.

ಇನ್ನೂ ಇದೆ. ಕೊನೆಯಲ್ಲಿ ಹೆಸರು ಹಾಕುವಾಗ 'ಛಾಯಾಗ್ರಹಣ' ಅಂತ ಇಬ್ಬರ ಹೆಸರು ಹಾಕಿದೆ. ನನ್ನದು ಮೊದಲು. ಅಕ್ಷರಮಾಲೆಯ ಪ್ರಕಾರ ಅಂತ ನಿನಗೆ ಹೇಳಿದೆ. ಅಕ್ಷರಮಾಲೆಯ ಪ್ರಕಾರ ನಿನ್ನ ಹೆಸರು ಮೊದಲು ಬರಬೇಕು. ನೀನು ನಕ್ಕು ಸುಮ್ಮನಾದೆ. ಆ ವರ್ಷವೇ ಕೆಲಸ ಸಿಕ್ಕಿತು ಅಂತ ಊರು ಬಿಟ್ಟೆ. ಮತ್ತೆ ಕ್ಯಾಮೆರಾ ಹಿಡಿಯಲಿಲ್ಲ. ನೀನಾಗಿಯೇ ಬಿಟ್ಟೆ ಅಂತ ನಾನು ಒಂಬತ್ತು ವರ್ಷದಿಂದ ಎಲ್ಲರಿಗೂ ಹೇಳಿಕೊಂಡು ಬಂದಿದ್ದೇನೆ. ಎಲ್ಲರಿಗೂ ಹೇಳಿದ್ದರಿಂದಲೇ ಈಗ ಎಲ್ಲರ ಮುಂದೆ ಬರೆಯುತ್ತಿದ್ದೇನೆ. ಆ ಹದಿನಾರು ನಿಮಿಷದ ಚಿತ್ರ ನೋಡಿ 'ಆ ಬಾಗಿಲಿನ ಶಾಟ್ ಬಹಳ ಚೆನ್ನಾಗಿದೆ' ಅಂತ ನನಗೆ ಹೇಳಿದವರು ಹಲವರಿದ್ದಾರೆ. ಅವರು ಇದನ್ನು ಓದಲಿ. ಆ ಶಾಟ್ ನಿನ್ನದು.

ನಾನು ರೇ ಅಲ್ಲ, ನೀನು ಮಿತ್ರ ಅಲ್ಲ ಅಂತ ನನಗೆ ಗೊತ್ತು. ಆ ಇಬ್ಬರ ನಡುವೆ ನಡೆದದ್ದಕ್ಕೆ ನಮ್ಮದನ್ನು ಅಳತೆಗೋಲು ಮಾಡುತ್ತಿಲ್ಲ. ಮಿತ್ರ ಆಮೇಲೆ ಏನು ಮಾಡಿದರು ಅಂತ ಹುಡುಕಿ ಹುಡುಕಿ ನೋಡಿದ್ದು ಮಾತ್ರ ನಿನ್ನ ಸಲುವಾಗಿಯೇ. ಅವರ ಕಣ್ಣಿಗೇ ತೊಂದರೆ ಇತ್ತು. 1961ರ 'ತೀನ್ ಕನ್ಯಾ' ಹೊತ್ತಿಗೆ ಅದರಿಂದಲೇ ಅವರ ಸಹಾಯಕ ಸೌಮೇಂದು ರಾಯ್ ಕ್ಯಾಮೆರಾ ವಹಿಸಿಕೊಂಡಿದ್ದರು. ಮಿತ್ರ ರೇ ಜೊತೆ ಬಿಟ್ಟ ಮೇಲೆ ಮುಂದಿನ ಚಿತ್ರಗಳಿಗೂ ರಾಯ್ ಅವರೇ ಬಂದರು. ಮಿತ್ರ ಹಿಂದಿಯ 'ತೀಸ್ರೀ ಕಸಂ' ಮಾಡಿದರು, ಅದೂ 1966ರಲ್ಲೇ ಬಂತು. ಎತ್ತಿನಗಾಡಿ, ರಾತ್ರಿ, ಮೇಳ. ರಾಜ್ ಕಪೂರ್ ಮುಖ ಅಷ್ಟು ಸುಮ್ಮನೆ ಇದ್ದದ್ದನ್ನು ನಾನು ಬೇರೆಲ್ಲೂ ನೋಡಿಲ್ಲ. ನಿರ್ಮಾಪಕ ಮರ್ಚಂಟ್ ಮತ್ತು ನಿರ್ದೇಶಕ ಐವರಿ ಅವರ ಮೊದಲ ನಾಲ್ಕು ಕಥಾಚಿತ್ರಗಳಿಗೆ, 'ಹೌಸ್‌ಹೋಲ್ಡರ್'ನಿಂದ 1970ರ 'ಬಾಂಬೆ ಟಾಕೀ'ವರೆಗೆ, ಕ್ಯಾಮೆರಾ ಮಿತ್ರ ಅವರದ್ದೇ. ಅಲ್ಲಿಂದ ಕೆಲಸ ಬಹಳ ವಿರಳ. 1986ರಲ್ಲಿ 'ನ್ಯೂ ಡೆಲ್ಲಿ ಟೈಮ್ಸ್' ಬಂತು, ಅದಕ್ಕೆ ರಾಷ್ಟ್ರಪ್ರಶಸ್ತಿ. ಅಷ್ಟು ವರ್ಷಗಳ ಆಮೇಲೂ ಕೈ ಮರೆತಿರಲಿಲ್ಲ.

ಅದಕ್ಕಿಂತ ನನ್ನನ್ನು ಹಿಡಿದದ್ದು ಅವರ ಕೊನೆಯ ವರ್ಷಗಳು. 1997ರಿಂದ ಕಲ್ಕತ್ತದ ಚಲನಚಿತ್ರ ಸಂಸ್ಥೆಯಲ್ಲಿ ಹುಡುಗರಿಗೆ ಬೆಳಕಿನ ಪಾಠ ಹೇಳಿದರು. ಆ ಸಂಸ್ಥೆಯ ಹೆಸರು ಸತ್ಯಜಿತ್ ರೇ ಅವರದ್ದು. ದಿನಾ ಆ ಫಲಕದ ಕೆಳಗೆ ಹಾದು ಒಳಗೆ ಹೋಗಿರುತ್ತಾರೆ ಅಲ್ವಾ? 2001ರ ಡಿಸೆಂಬರ್ 7ರಂದು ತೀರಿಕೊಳ್ಳುವವರೆಗೆ ಕಲಿಸುತ್ತಲೇ ಇದ್ದರು. ಅವರ ಮನಸ್ಸಿನಲ್ಲಿ ಏನಿತ್ತೋ, ಅದನ್ನು ನಾನು ಊಹಿಸಲು ಹೋಗುವುದಿಲ್ಲ. ಕಲಿಸಿದರು, ಅಷ್ಟು ಸಾಕು ನನಗೆ.

ಹೂಂ. ಇಷ್ಟೆಲ್ಲ ಬರೆಯಬೇಕು ಅಂತ ಕೂತಿರಲಿಲ್ಲ. ಪಂಚೆ, ಬೆಳಕು, ಅತ್ತೆ ಅಂತ ಒಂದು ಪುಟ ಬರೆದು ಮುಗಿಸೋಣ ಅಂತ ಇದ್ದೆ. ಈಗ ಹೊರಗೆ ಬೆಳಗಾಗುತ್ತಿದೆ. ಹಾಲಿನವನು ಗೇಟು ಬಡಿದು ಹೋದ.

ಬೇರೆ ವಿಷಯ ಹೇಳುತ್ತೇನೆ. ಮೂರನೇ ಸೀಟಿನ ಮಾವ ಪೂಜೆಗೆ ಬಂದಿದ್ದರು! ಅದೇ ಕೊಡೆ. ಅದೇ ಪ್ರಶ್ನೆ. 'ನಿಮ್ಮ ಟಾರ್ಚು ಇನ್ನೂ ಉರೀತಾನಾ?' ಅಂದರು. ಉರೀತಾನೆ ಮಾವ ಅಂದೆ. ಅತ್ತೆಗೆ ನಿನ್ನ ನೆನಪು ಚೆನ್ನಾಗಿದೆ. ನನ್ನ ಹೆಸರು ಮಾತ್ರ ಎರಡು ಸಲ ತಪ್ಪು ಹೇಳಿದರು. 'ಕುತ್ತಿಗೆ ಸುಟ್ಟುಕೊಂಡ ಹುಡುಗ ಹೇಗಿದ್ದಾನೆ?' ಅಂತ ಕೇಳಿ, ನಿನಗೆ ಕೊಡಲು ಒಂದು ಡಬ್ಬಿ ಹಲಸಿನ ಹಪ್ಪಳ ಕಟ್ಟಿಕೊಟ್ಟಿದ್ದಾರೆ. ಅದರಲ್ಲಿ ಆರು ನಾನು ತಿಂದಾಯಿತು, ಉಳಿದವು ನಿನ್ನವು.

ದೀಪಾವಳಿಗೆ ಬರುತ್ತೀಯಲ್ಲ, ಎರಡು ದಿನ ಜಾಸ್ತಿ ಇರು. ನನ್ನ ಹತ್ತಿರ ಈಗ ಸ್ವಂತದ್ದೊಂದು ಸಣ್ಣ ಕ್ಯಾಮೆರಾ ಇದೆ, ದಿನದ ಲೆಕ್ಕ ಇಲ್ಲ. ತೊಟ್ಟಿಯ ಮೇಲಿನ ಪಂಚೆ ಬಿಚ್ಚಬೇಡಿ ಅಂತ ಅತ್ತೆಗೆ ಹೇಳಿ ಬಂದಿದ್ದೇನೆ. ಮಳೆ ಬಂದರೆ ಜೋತುಬೀಳುತ್ತದೆ ಅಂತ ಬೈದರು, ಆದರೂ ಒಪ್ಪಿದ್ದಾರೆ. ಮೋಡ ಬರುವವರೆಗೆ ಕಾಯೋಣ. ಥರ್ಮೋಕೋಲ್ ನಾನು ಹಿಡಿಯುತ್ತೇನೆ.

ಸೌತೆಕಾಯಿ ಕೂಡ ನಾನೇ ತರುತ್ತೇನೆ. ಈ ಸಲ ಎಣಿಸಿಕೊಂಡು.

ನಿನ್ನ,
ಗಂಟೆ